ಬಲಗಡೆಯ ಹೂವು

ನಮ್ಮಕ್ಕ ಕಲಾವಿದೆ. ಚಿತ್ರ ಬರೆಯುವುದಿಲ್ಲ, ಹಾಡುವುದಿಲ್ಲ, ಕುಣಿಯುವುದೂ ಇಲ್ಲ. ಮೈಯನ್ನೇ ಸಾಮಗ್ರಿ ಮಾಡಿಕೊಂಡು ಜನರ ಎದುರು ನಿಲ್ಲುತ್ತಾಳೆ, ಇಲ್ಲವೇ ಮಲಗುತ್ತಾಳೆ, ಇಲ್ಲವೇ ಏನನ್ನಾದರೂ ಹೊತ್ತುಕೊಂಡು ನಡೆಯುತ್ತಾಳೆ. ಅದಕ್ಕೆ ಪರ್ಫಾರ್ಮೆನ್ಸ್ ಆರ್ಟ್ ಎನ್ನುತ್ತಾರೆ. ಬಸವೇಶ್ವರನಗರದ ನಮ್ಮ ಬಾಡಿಗೆ ಪೋರ್ಷನ್ನಿನ ಓನರ್ ಆಂಟಿ "ನಿಮ್ಮಕ್ಕ ಏನ್ ಮಾಡ್ತಾಳಮ್ಮ?" ಎಂದು ಕೇಳಿದಾಗಲೆಲ್ಲ ನಾನು "ಡ್ರಾಯಿಂಗ್ ಟೀಚರ್ ಆಂಟಿ" ಎನ್ನುತ್ತಿದ್ದೆ. ಅದು ಸುಳ್ಳಲ್ಲ. ಹೊಟ್ಟೆಪಾಡಿಗೆ ಒಂದು ಶಾಲೆಯಲ್ಲಿ ಆ ಕೆಲಸವೂ ಇತ್ತು.

ನಾನು ಡಿಬೇಟಿನವಳು. ಹೈಸ್ಕೂಲಿನಿಂದ ಡಿಗ್ರಿಯವರೆಗೆ ಪರ ಬಂದರೂ ವಿರೋಧ ಬಂದರೂ ಎದ್ದು ನಿಂತು ಮಾತಾಡಿದವಳು. ಚೀಟಿ ಎತ್ತಿದ ಮೇಲೆ ನಿನ್ನ ನಂಬಿಕೆಯನ್ನು ಬ್ಯಾಗಿನಲ್ಲಿಟ್ಟು ಜಿಪ್ ಎಳೆದುಬಿಡು ಎಂದು ನಮಗೆ ತರಬೇತಿ ಕೊಟ್ಟ ಮೇಷ್ಟ್ರು ಹೇಳುತ್ತಿದ್ದರು. ಅಂಥವಳಿಗೆ ಅಕ್ಕನ ಕೆಲಸ ಕಂಡರೆ ಮೈ ಉರಿಯುತ್ತಿತ್ತು. ಟೆರೇಸಿನಲ್ಲಿ ಬಟ್ಟೆ ಒಣಹಾಕುತ್ತ ಎಷ್ಟು ಸಲ ಜಗಳವಾಡಿದ್ದೇವೋ ಲೆಕ್ಕವಿಲ್ಲ.

"ಯಾರ್ ಬೇಕಾದ್ರೂ ಏನ್ ಬೇಕಾದ್ರೂ ಅರ್ಥ ಮಾಡ್ಕೋಬಹುದು ಅಂದ್ರೆ, ನೀನು ಏನೂ ಹೇಳಿಲ್ಲ ಅಂತ."

"ಎಲ್ಲಾನೂ ಬಾಯಲ್ಲೇ ಹೇಳಕ್ಕಾಗಲ್ಲ ಕಣೇ."

"ಹೇಳಕ್ಕಾಗಲ್ಲ ಅಂದ್ರೆ ನಿಂಗೇ ಇನ್ನೂ ಗೊತ್ತಾಗಿಲ್ಲ ಅಂತ."

ಅವಳು ಬಾಯಲ್ಲಿ ಕಚ್ಚಿಕೊಂಡಿದ್ದ ಕ್ಲಿಪ್ಪು ತೆಗೆದು ಟವೆಲ್ಲಿಗೆ ಸಿಕ್ಕಿಸಿ, "ಆಯ್ತು, ನೀನ್ ಗೆದ್ದೆ ಬಿಡು" ಎನ್ನುತ್ತಿದ್ದಳು. ಪ್ರತಿ ಜಗಳವೂ ಅಲ್ಲಿಗೇ ಮುಗಿಯುತ್ತಿತ್ತು. ಆ ಗೆಲುವನ್ನು ಎಲ್ಲಿಡಬೇಕು ಎಂದು ನನಗೆ ತಿಳಿಯುತ್ತಿರಲಿಲ್ಲ.

ಅವಳ ಅಭ್ಯಾಸ ರಾಜಾಜಿನಗರದ ಇಂಡಸ್ಟ್ರಿಯಲ್ ಎಸ್ಟೇಟಿನಲ್ಲಿ, ಗೆಳತಿಯೊಬ್ಬಳ ತಂದೆಯ ಮುಚ್ಚಿದ ಲೇತ್ ಶೆಡ್ಡಿನಲ್ಲಿ ನಡೆಯುತ್ತಿತ್ತು. ಗ್ರೀಸು ಹೀರಿಕೊಂಡ ನೆಲದ ಮೇಲೆ ಕಣ್ಣು ಮುಚ್ಚಿ ನಿಲ್ಲುತ್ತಿದ್ದಳು. ಒಂದು ದಿನ ನೋಡುತ್ತಿದ್ದಂತೆ ಅವಳ ಭುಜದ ಒಂದು ಜಾಗ ಮಾತ್ರ ತಟಕ್ಕನೆ ಅದುರಿತು. ಕೈ ಅಲುಗಲಿಲ್ಲ, ಕತ್ತು ಅಲುಗಲಿಲ್ಲ. ಹಸು ನೊಣ ಓಡಿಸುವಾಗ ಚರ್ಮ ಮಾತ್ರ ಜುಮ್ಮೆನ್ನಿಸುತ್ತದಲ್ಲ, ಹಾಗೆ.

"ಎರಡು ವರ್ಷ ಕಷ್ಟಪಟ್ಟು ಹಸು ಆದೆ" ಎಂದು ನಕ್ಕೆ. ಅವಳೂ ನಕ್ಕಳು. "ಹಸುಗೆ ಹುಟ್ಟಿನಿಂದಾನೇ ಬರುತ್ತೆ. ನಂಗೆ ಕಷ್ಟ."

ಈಗ ಹೇಳಹೊರಟಿರುವ ದಿನದ ಕೆಲಸ ನಮ್ಮ ತಾಯಿಯ ಕೈಗಳ ಬಗ್ಗೆ. ಬಸವೇಶ್ವರನಗರಕ್ಕೆ ಬರುವ ಮುಂಚೆ ನಾವು ಸುಂಕದಕಟ್ಟೆಯಲ್ಲಿದ್ದೆವು. ಅಲ್ಲಿ ತಾಯಿ ಮನೆಯಲ್ಲೇ ಕೂತು ಊದುಬತ್ತಿ ಹೊಸೆಯುತ್ತಿದ್ದಳು. ಇದ್ದಿಲ ಪುಡಿಯ ಹಿಟ್ಟನ್ನು ಕಡ್ಡಿಗೆ ಸುತ್ತಿ ಸುತ್ತಿ ಅಂಗೈ, ಉಗುರಿನ ಸಂದು, ಮಣಿಕಟ್ಟು ಎಲ್ಲ ಕಪ್ಪು. ಮದುವೆಗೋ ನಾಮಕರಣಕ್ಕೋ ಹೊರಟ ದಿನ ಆ ಕಪ್ಪಿನ ಮೇಲೆ ಅರಿಶಿನ ತಿಕ್ಕಿಕೊಳ್ಳುತ್ತಿದ್ದಳು. ಊಟಕ್ಕೆ ಕೂತು ಎಲೆಗೆ ನೀರು ಚಿಮುಕಿಸುವಷ್ಟರಲ್ಲಿ ಅರಿಶಿನ ಬಿಟ್ಟು ಕಪ್ಪು ಇಣುಕುತ್ತಿತ್ತು. ತಾಯಿ ಎಡಗೈಯನ್ನು ಸೆರಗಿನೊಳಕ್ಕೆ ಎಳೆದುಕೊಳ್ಳುತ್ತಿದ್ದಳು. ಬಲಗೈಯನ್ನು ಎಲ್ಲಿ ಬಚ್ಚಿಡುವುದು? ಅದರಲ್ಲಿ ತಿನ್ನಬೇಕು.

ಅಕ್ಕ ಮಾಡಬೇಕೆಂದುಕೊಂಡದ್ದು ಇಷ್ಟೇ. ಮುಖ, ಕತ್ತು, ಭುಜ, ಕೈ, ಕಾಲುಗಳಿಗೆ ಮೊದಲು ಊದುಬತ್ತಿಯ ಕಪ್ಪು ಹಿಟ್ಟು ಬಳಿದುಕೊಳ್ಳುವುದು. ಅದರ ಮೇಲೆ ದಪ್ಪಗೆ ಅರಿಶಿನ. ಗಾಳಿಗೆ ಒಣಗಿ, ಬಿರುಕು ಬಿಟ್ಟು, ಒಳಗಿನ ಕಪ್ಪು ತಾನಾಗಿ ಕಾಣಿಸುವವರೆಗೆ ಅಲುಗಾಡದೆ, ಮಾತಾಡದೆ ನಿಲ್ಲುವುದು. ಜಾಗ ಸುಂಕದಕಟ್ಟೆಯ ನಮ್ಮ ಹಳೆಯ ಬೀದಿಯ ತಿರುವಿನಲ್ಲಿರುವ ಬೇವಿನ ಮರದ ಕಟ್ಟೆ. ನನ್ನ ಪಾಲಿಗೆ ಬಂದದ್ದು ಎದುರು ಪಕ್ಕದಲ್ಲಿ ನಿಂತು ಮೊಬೈಲಿನಲ್ಲಿ ವಿಡಿಯೋ ಮಾಡುವ ಕೆಲಸ.

"ನಾನ್ ಬಿದ್ರೂ ಬರ್ಬೇಡ. ಯಾರ ಹತ್ರಾನೂ ವಿವರಿಸ್ಬೇಡ. ನೀನ್ ಬಾಯಿ ಬಿಟ್ರೆ ಅದು ನಿನ್ನ ಡಿಬೇಟ್ ಆಗುತ್ತೆ" ಎಂದು ಭಾಷೆ ತೆಗೆದುಕೊಂಡಳು.

ಓದುವವರು ಇಷ್ಟು ಹೊತ್ತಿಗೆ ತಲೆ ಚಚ್ಚಿಕೊಂಡಿರಬೇಕು. ಅರಿಶಿನ ಬಳಿದುಕೊಂಡ ಹೆಂಗಸು, ಬೇವಿನ ಮರದ ಕೆಳಗೆ, ಕಣ್ಣು ಮುಚ್ಚಿಕೊಂಡು, ಕೂದಲು ಬಿಟ್ಟುಕೊಂಡು. ಅದೂ ಆಷಾಢದ ಶುಕ್ರವಾರ. ನನಗೆ ಶುಕ್ರವಾರ ಅಂದರೆ ಕ್ಲಾಸಿಲ್ಲದ ದಿನ. ಅಕ್ಕನಿಗೆ ಅರಿಶಿನ ಅಂದರೆ ತಾಯಿಯ ಕೈ. ಅದರಾಚೆಗೆ ಇಬ್ಬರಿಗೂ ಹೊಳೆಯಲಿಲ್ಲ. ಒಂದು ಮಾತು ಕೇಳಿದ್ದರೆ ತಾಯಿಯೇ ಹೇಳುತ್ತಿದ್ದಳು. ಆದರೆ ಅವಳ ಕೈಯ ಕಪ್ಪನ್ನು ಬೀದಿಯಲ್ಲಿ ತೋರಿಸುತ್ತೇವೆಂದು ಅವಳಿಗೇ ಹೇಗೆ ಹೇಳುವುದು ಎಂದು ಇಬ್ಬರೂ ಬಾಯಿ ಮುಚ್ಚಿಕೊಂಡಿದ್ದೆವು.

ಅಕ್ಕ ಕಟ್ಟೆಯ ಮೇಲೆ ನಿಂತ ಸ್ವಲ್ಪ ಹೊತ್ತಿಗೆ ಬೈಕಿನಲ್ಲಿ ಹೋಗುತ್ತಿದ್ದ ಇಬ್ಬರು ಹುಡುಗರು ನಿಲ್ಲಿಸಿದರು.

"ಮಗಾ, ಪ್ರಾಂಕ್ ವಿಡಿಯೋ ಕಣೋ. ಕ್ಯಾಮೆರಾ ಎಲ್ಲೈತೆ ನೋಡು."

"ಫೇಸ್‌ಪ್ಯಾಕ್ ಅಡ್ವರ್ಟೈಸ್‌ಮೆಂಟ್ ಇರ್ಬೇಕು ಗುರು."

ಒಬ್ಬ ಅವಳ ಮುಖದ ಮುಂದೆ ಚಿಟಿಕೆ ಹೊಡೆದ. ರೆಪ್ಪೆ ಅಲುಗಲಿಲ್ಲ. ಎರಡನೆಯವನು ಇನ್ನೂ ಹತ್ತಿರ ಹೋಗಿ, ಏನನ್ನಿಸಿತೋ, ಚಪ್ಪಲಿ ಕಳಚಿ ಹಿಂದೆ ಸರಿದ. ಅಲ್ಲಿಂದ ಶುರುವಾಯಿತು.

ಮರದ ಪಕ್ಕದಲ್ಲೇ ಹೂ ಮಾರುವ ಹೆಂಗಸೊಬ್ಬಳು ಕೂತಿದ್ದಳು. ಬುಟ್ಟಿಯಿಂದ ಒಂದು ಮೊಳ ಕನಕಾಂಬರ ಎತ್ತಿ ಅಕ್ಕನ ಪಾದದ ಮೇಲಿಟ್ಟಳು. ಯಾರೋ ಕರ್ಪೂರ ತಂದರು. ಯಾರೋ ನಿಂಬೆಹಣ್ಣು. ಮಧ್ಯಾಹ್ನದ ಹೊತ್ತಿಗೆ ಜನ ಕೈಮುಗಿದು ಸಾಲಾಗಿ ನಿಂತಿದ್ದರು, ಗಾರ್ಮೆಂಟ್ಸ್ ಐಡಿ ಕಾರ್ಡು ಕೊರಳಲ್ಲಿದ್ದವರೂ ಅದರಲ್ಲಿದ್ದರು. ಗಾಳಿ ಬೀಸುತ್ತಿತ್ತು. ಅಕ್ಕನ ಕೆನ್ನೆಯ ಅರಿಶಿನ ಬಿರುಕು ಬಿಟ್ಟು ಕಪ್ಪು ಗೆರೆಗಳು ಮೂಡಿದವು. ಅವಳು ಎರಡು ವರ್ಷ ಕನಸು ಕಂಡಿದ್ದ ಕ್ಷಣ ಅದು. ಜನ ನೋಡಿ "ಉಗ್ರ ಆಗ್ತಾವ್ಳೆ" ಎಂದರು.

ಒಪ್ಪುತ್ತೇನೆ, ಮೊದಲು ನನಗೆ ಒಳಗೊಳಗೇ ಖುಷಿಯಾಯಿತು. ನನ್ನ ವಾದಕ್ಕೆ ಇದಕ್ಕಿಂತ ಸಾಕ್ಷಿ ಬೇಕೆ? ಮನೆಗೆ ಹೋಗಿ ಟೆರೇಸಿನಲ್ಲಿ ಏನೇನು ಹೇಳಬೇಕೆಂದು ಮನಸ್ಸಿನಲ್ಲೇ ಜೋಡಿಸಿಕೊಳ್ಳುತ್ತಿದ್ದೆ. ಆಗ ಆ ಹೆಂಗಸು ಬಂದಳು.

ನನ್ನಷ್ಟೇ ವಯಸ್ಸಿರಬಹುದು. ನೈಟಿಯ ಮೇಲೆ ವೇಲು ಹೊದ್ದಿದ್ದಳು. ತೋಳಿನಲ್ಲಿ ಮೂರು ವರ್ಷದ ಹೆಣ್ಣುಮಗು. ಅದರ ಮೈತುಂಬ ಕೆಂಪು ಗಂದೆ, ಸೊಂಟಕ್ಕೆ ಬೇವಿನ ಸೊಪ್ಪು. ಅಮ್ಮ ಆಗಿತ್ತು. ಹಿಂದೆಯೇ ಅವಳ ಅತ್ತೆ, ಕೈಯಲ್ಲಿ ತಂಬಿಗೆ ಹಿಡಿದು. ಮಗುವಿನ ಕಣ್ಣು ಅರ್ಧ ಮುಚ್ಚಿತ್ತು. ಉಸಿರೆಳೆದಾಗ ಮೂಗಿನ ಹೊಳ್ಳೆ ಅಗಲವಾಗಿ, ಪಕ್ಕೆ ಒಳಕ್ಕೆ ಹೋಗುತ್ತಿತ್ತು. ನಾನು ಡಾಕ್ಟರಲ್ಲ. ಅದನ್ನು ಕಾಣುವುದಕ್ಕೆ ಡಾಕ್ಟರಾಗಬೇಕಾಗಿರಲಿಲ್ಲ.

ಹೆಂಗಸು ಅಕ್ಕನ ಕಾಲ ಬಳಿ ಕುಸಿದು ಕೂತಳು. "ತಾಯೀ, ಮೂರ್ ದಿನದಿಂದ ನೀರೂ ಕುಡೀತಿಲ್ಲ. ಪಕ್ಕೆ ಎಳೀತೈತೆ. ಆಸ್ಪತ್ರೆಗೆ ಕರ್ಕೊಂಡೋಗ್ಲಾ? ನೀನ್ ಹೂಂ ಅಂದ್ರೆ ಇವ್ರು ಬಿಡ್ತಾರೆ. ಹೂಂ ಅನ್ನು ತಾಯಿ."

ಅಕ್ಕ ಕೇಳಿಸಿಕೊಂಡಳು. ಅವಳ ಗಂಟಲು ಒಂದು ಸಲ ಮೇಲೆ ಕೆಳಗೆ ಆಡಿದ್ದು ನನಗೆ ಮೊಬೈಲಿನ ಪರದೆಯಲ್ಲಿ ಕಂಡಿತು.

ಮೊಬೈಲು ಜೇಬಿಗಿಟ್ಟು ರಸ್ತೆ ದಾಟಿದೆ. ಭಾಷೆ ಅಲ್ಲಿಗೆ ಮುರಿಯಿತು.

"ನೋಡಿ, ಯಾರನ್ನೂ ಕೇಳ್ಬೇಡಿ. ಈಗಲೇ ಹೊರಡಿ. ಮಗೂಗೆ ಉಸಿರಾಟದ ತೊಂದ್ರೆ ಆಗ್ತಿದೆ."

ಅತ್ತೆ ನನ್ನನ್ನು ಅಡಿಯಿಂದ ಮುಡಿಯವರೆಗೆ ನೋಡಿದಳು. "ನೀನ್ ಯಾರಮ್ಮ?"

"ನಾನು ಇವರ ತಂಗಿ. ಇದು ದೇವರಲ್ಲ. ಇವಳು ನಮ್ಮಕ್ಕ. ಇದು ಒಂಥರಾ ನಾಟಕ. ಅರಿಶಿನ ನಾನೇ ಬಳಿದಿದ್ದು."

ಹೂವಿನವಳು ಕನಕಾಂಬರ ಕಟ್ಟುತ್ತಲೇ ತಲೆಯೆತ್ತದೆ ಹೇಳಿದಳು: "ಅಮ್ಮ ಬರೋದು ಯಾರೋ ಒಬ್ರ ಅಕ್ಕನ್ ಮೇಲೇ ತಾನೆ? ಲೈಟ್ ಕಂಬದ್ ಮೇಲ್ ಬರ್ತಾಳಾ?"

ಜನ ನಕ್ಕರು. ನಾನು ಅತ್ತೆಯ ಕಡೆ ತಿರುಗಿದೆ. ದಡಾರ ಅನ್ನುವುದು ವೈರಸ್ಸು ಎಂದೆ, ಅದು ಶ್ವಾಸಕೋಶಕ್ಕೆ ಇಳಿಯಬಹುದು ಎಂದೆ, ಬೇವಿನ ಸೊಪ್ಪು ಕಟ್ಟಿಕೊಂಡೇ ಆಸ್ಪತ್ರೆಗೆ ಹೋಗಬಹುದು ಎಂದೆ. ನನ್ನ ದನಿ ವೇದಿಕೆಯ ದನಿಯಾಗುತ್ತಿತ್ತು. ಬೆರಳು ಮಡಚಿ ಮಡಚಿ ಅಂಶಗಳನ್ನು ಹೇಳುತ್ತಿದ್ದೆ.

ಅವಳು ಪೂರ್ತಿ ಕೇಳಿದಳು. ಆಮೇಲೆ ಕೇಳಿದಳು: "ಮಕ್ಕಳು ಹೆತ್ತಿದ್ಯಾ?"

"ಇಲ್ಲ. ಅದಕ್ಕೂ ಇದಕ್ಕೂ—"

"ನಾನ್ ಹೆತ್ತಿದ್ದೆ. ದೊಡ್ಡೋನು. ಅವನಿಗೂ ಹಿಂಗೇ ಅಮ್ಮ ಆಗಿತ್ತು. ನಮ್ಮೆಜಮಾನ್ರು ನಿನ್ನಂಗೇ ಮಾತಾಡಿ ಮಾತಾಡಿ ಕರ್ಕೊಂಡೋಗಿ ಸೂಜಿ ಚುಚ್ಸಿದ್ರು. ಮಾರನೇ ದಿನ ಹೋದ. ನೀನು ಓದಿರೋದು ಹೇಳ್ತಿದ್ಯ. ನಾನು ಮಣ್ ಮಾಡಿರೋದು ಹೇಳ್ತಿದೀನಿ."

ಅದಕ್ಕೆ ಮರುವಾದವಿದೆ. ಒಂದಾದ ಮೇಲೆ ಇನ್ನೊಂದು ನಡೆದ ಮಾತ್ರಕ್ಕೆ ಮೊದಲನೆಯದೇ ಎರಡನೆಯದಕ್ಕೆ ಕಾರಣವಲ್ಲ. ಡಿಬೇಟಿಗೆ ಬಂದ ಮೊದಲ ವರ್ಷದ ಮಕ್ಕಳಿಗೇ ಅದನ್ನು ಕಲಿಸುತ್ತೇವೆ. ಅದನ್ನು ಆ ಹೆಂಗಸಿನ ಮುಖ ನೋಡಿಕೊಂಡು ಹೇಳುವ ಬಾಯಿ ನನ್ನ ಬಳಿ ಇರಲಿಲ್ಲ. ಮಗು ಒಂದು ಸಲ ಕೆಮ್ಮಿತು. ಕೆಮ್ಮುವುದಕ್ಕೂ ಅದಕ್ಕೆ ಶಕ್ತಿ ಸಾಲಲಿಲ್ಲ.

ಆಗ ಪಕ್ಷ ಬದಲಿಸಿದೆ. ನಂಬಿಕೆಗೆ ಜಿಪ್ ಎಳೆದು, ಅಕ್ಕನ ಪಕ್ಕದಲ್ಲಿ ಕಟ್ಟೆ ಹತ್ತಿ ನಿಂತು, ದೊಡ್ಡ ದನಿಯಲ್ಲಿ ಹೇಳಿದೆ: "ಅಮ್ಮ ಹೇಳ್ತಾ ಇದ್ದಾಳೆ! ಆಸ್ಪತ್ರೆಗೆ ಕರ್ಕೊಂಡ್ ಹೋಗಿ ಅಂತ ಹೇಳ್ತಾ ಇದ್ದಾಳೆ!"

ಅತ್ತೆಗೆ ಕೋಪ ಬರಲಿಲ್ಲ. ಕನಿಕರ ಬಂತು. "ಈಗ ತಾನೇ ದೇವರಲ್ಲ, ನಾಟಕ ಅಂದ್ಯಲ್ಲವ್ವ. ಅಷ್ಟರೊಳಗೆ ನಿನ್ ಕಿವೀಲ್ ಬಂದು ಹೇಳ್ಬಿಟ್ಲಾ? ಇಳಿ ಕೆಳಕ್ಕೆ."

ಇಷ್ಟು ಸಲೀಸಾಗಿ ನನ್ನನ್ನು ಯಾವ ಎದುರಾಳಿಯೂ ಹಿಡಿದು ಹಾಕಿರಲಿಲ್ಲ. ಇಳಿದೆ.

"ಹೂ ಕೇಳಾನ" ಎಂದಳು ಅತ್ತೆ. "ಅಮ್ಮ ಬಾಯಿ ಬಿಡ್ದಿದ್ರೆ ಹೂವಲ್ಲಿ ಹೇಳ್ತಾಳೆ. ಬಲಗಡೆ ಬಿದ್ರೆ ಆಸ್ಪತ್ರೆ. ಎಡಗಡೆ ಬಿದ್ರೆ ಮನೆ. ನಾನು ಅಡ್ಡ ಬರಕಿಲ್ಲ."

ಗುಡಿಯಲ್ಲಿ ಕಲ್ಲಿನ ವಿಗ್ರಹಕ್ಕೆ ಒದ್ದೆ ಹೂ ಅಂಟಿಸಿ, ಯಾವ ಕಡೆಯದು ಮೊದಲು ಬೀಳುತ್ತದೆ ಎಂದು ನೋಡುತ್ತಾರಲ್ಲ, ಅದೇ. ಹೂವಿನವಳು ಎರಡು ಸೇವಂತಿಗೆಯನ್ನು ತಂಬಿಗೆಯ ನೀರಿನಲ್ಲಿ ಅದ್ದಿ ಅಕ್ಕನ ಎರಡು ಭುಜಕ್ಕೂ ಒಂದೊಂದನ್ನು ಒತ್ತಿದಳು. ಮಾಗಡಿ ರೋಡಿನ ಬಸ್ಸುಗಳ ಹಾರ್ನು ಮಾತ್ರ ದೂರದಿಂದ ಕೇಳುತ್ತಿತ್ತು.

ಆ ಕಟ್ಟೆಯ ಮೇಲೆ ನಿಂತವಳು ಈಗ ಏನು ಮಾಡುತ್ತಾಳೆಂದು ನನ್ನೊಬ್ಬಳಿಗೆ ಗೊತ್ತಿತ್ತು. ಲೇತ್ ಶೆಡ್ಡಿನಲ್ಲಿ ಕಲಿತದ್ದನ್ನು ಮಾಡುತ್ತಾಳೆ. ಬಲಭುಜದ ಮೇಲಿನ ಅಂಗೈಯಗಲದ ಚರ್ಮವನ್ನಷ್ಟೇ ಅದುರಿಸುತ್ತಾಳೆ. ಹೂ ಬೀಳುತ್ತದೆ. ಯಾರಿಗೂ ಕಾಣುವುದಿಲ್ಲ. ಹಸು ಎಂದು ಗೇಲಿ ಮಾಡಿದ್ದ ನಾನೇ ಹಲ್ಲು ಕಚ್ಚಿ ಮನಸ್ಸಿನಲ್ಲಿ ಹೇಳುತ್ತಿದ್ದೆ: ಅದುರಿಸೇ. ಅದುರಿಸು.

ಅದುರಿಸಿದಳು. ನಾನು ನೋಡಿದೆ. ಅರಿಶಿನದಲ್ಲಿ ಸಣ್ಣ ಬಿರುಕೊಂದು ಭುಜದುದ್ದಕ್ಕೆ ಓಡಿತು. ಹೂ ಬೀಳಲಿಲ್ಲ. ಒಣಗಿದ್ದ ಅರಿಶಿನಕ್ಕೆ ಹೂವಿನ ನೀರು ಸೋಕಿ ಮತ್ತೆ ಅಂಟಾಗಿತ್ತು, ಕೆಳಗಿದ್ದದ್ದು ಊದುಬತ್ತಿಯ ಹಿಟ್ಟು, ಕಡ್ಡಿಗೆ ಅಂಟಲೆಂದೇ ಮಾಡಿದ್ದು. ಮತ್ತೆ ಅದುರಿಸಿದಳು. ಕತ್ತಿನ ನರ ಉಬ್ಬಿತು. ಹಣೆಯ ಅರಿಶಿನದ ಮೇಲೆ ಬೆವರು ಕಪ್ಪಗೆ ಇಳಿಯಿತು. ಹೂ ಒಂದಿಷ್ಟು ಜಾರಿ, ಅಲ್ಲೇ ಕಚ್ಚಿಕೊಂಡಿತು. ಇಷ್ಟು ಹೊತ್ತು ನಿಂತ ಮೈ, ಬಿಗಿ ಹಿಡಿದು ಹಿಡಿದು ಅವಳ ಮಾತು ಕೇಳುವುದನ್ನು ಬಿಡುತ್ತಿತ್ತು. ಮೊಣಕಾಲು ನಡುಗಿತು. ಆ ನಡುಕ ಸೊಂಟಕ್ಕೆ, ಬೆನ್ನಿಗೆ, ಎರಡೂ ಭುಜಗಳಿಗೆ ಏರಿತು.

ಎಡಗಡೆಯ ಹೂ ಬಿತ್ತು.

ಅತ್ತೆ ಕೈಮುಗಿದಳು. ಅವಳ ಮುಖದಲ್ಲಿ ಗೆದ್ದ ಕಳೆ ಇರಲಿಲ್ಲ, ಇದ್ದಿದ್ದರೆ ನನಗೆ ಸಿಟ್ಟಾದರೂ ಬರುತ್ತಿತ್ತು. "ಏಳವ್ವ" ಎಂದಳು ಸೊಸೆಗೆ, ಮೆಲ್ಲಗೆ. ಸೊಸೆ ಅಳಲಿಲ್ಲ. ಬಿದ್ದ ಸೇವಂತಿಗೆಯನ್ನು ಎತ್ತಿ ಕಣ್ಣಿಗೊತ್ತಿ ಮಗುವಿನ ತಲೆಗೆ ಸಿಕ್ಕಿಸಿದಳು. ಮಗುವಿನ ಕೂದಲು ಬೆವರಿಗೆ ಒದ್ದೆಯಾಗಿತ್ತು, ಹೂ ನಿಲ್ಲಲಿಲ್ಲ. ಮತ್ತೆ ಸಿಕ್ಕಿಸಿದಳು. ನನಗೆ ಕೂಗಬೇಕೆನಿಸಿತು. ಏನೆಂದು ಕೂಗಲಿ? ಹೇಳಬೇಕಾದ್ದನ್ನೆಲ್ಲ ಹೇಳಿ, ಅದಕ್ಕೆ ತದ್ವಿರುದ್ಧವಾದದ್ದನ್ನೂ ಹೇಳಿ ಮುಗಿಸಿದ್ದೆ.

ಕಟ್ಟೆಯ ಮೇಲಿಂದ ಧಪ್ಪೆಂದು ಸದ್ದು ಬಂತು. ಅಕ್ಕ ಇಳಿಯಲು ಹೋಗಿ, ಜೋಮು ಹಿಡಿದ ಕಾಲು ನೆಲಕ್ಕೂರದೆ ಮಂಡಿಯ ಮೇಲೆ ಬಿದ್ದಿದ್ದಳು. ಹಾಗೆಯೇ ಎರಡು ಮಾರು ತೆವಳಿದಳು. ಕೈ ಚಾಚಿ ಆ ಹೆಂಗಸಿನ ತೋಳಿನಿಂದ ಮಗುವನ್ನು ತೆಗೆದುಕೊಂಡಳು. ಹೆಂಗಸು ಕೊಟ್ಟುಬಿಟ್ಟಳು. ಅಕ್ಕ ಎದ್ದಳು, ಮುಗ್ಗರಿಸಿದಳು, ಮತ್ತೆ ಎದ್ದಳು. ಓಡಿದಳು.

ಜನ ಎರಡು ಪಾಲಾಗಿ ದಾರಿ ಬಿಟ್ಟರು. ಬೇರೆ ಯಾವ ಹೆಂಗಸು ಬೇರೆಯವರ ಮಗುವನ್ನು ಎತ್ತಿಕೊಂಡು ಹಾಗೆ ಓಡಿದ್ದರೂ ಆ ಬೀದಿ ಹಿಡಿದು ಬಡಿಯುತ್ತಿತ್ತು. ಅವಳನ್ನು ಮುಟ್ಟುವ ಧೈರ್ಯ ಯಾರಿಗೂ ಬರಲಿಲ್ಲ. ಮಗುವಿನ ತಾಯಿ ಹಿಂದೆ ಓಡಿದಳು, ನಾನೂ ಓಡಿದೆ. ತಿರುವಿನಲ್ಲಿದ್ದ ಆಟೋಗೆ ಮೂವರೂ ತೂರಿಕೊಂಡೆವು. ಡ್ರೈವರ್ ಕನ್ನಡಿಯಲ್ಲಿ ಅಕ್ಕನ ಮುಖ ನೋಡಿ ಎರಡೂ ಕೆನ್ನೆ ಬಡಿದುಕೊಂಡ.

"ಎಲ್ಲಿಗೆ ತಾಯಿ?"

"ಆಸ್ಪತ್ರೆಗೆ ಅಣ್ಣ, ಬೇಗ" ಎಂದೆ ನಾನು. ಅವನು ನನ್ನ ಮಾತು ಲೆಕ್ಕಕ್ಕಿಟ್ಟುಕೊಳ್ಳದೆ ಅಕ್ಕನ ಮುಖವನ್ನೇ ನೋಡಿದ. ಅಕ್ಕ ತಲೆಯಾಡಿಸಿದಳು. ಮಾಗಡಿ ರೋಡಿನಲ್ಲಿ ರಾಂಗ್ ಸೈಡಿನಲ್ಲಿ ಅಷ್ಟು ವೇಗವಾಗಿ ನಾನು ಯಾವತ್ತೂ ಹೋಗಿಲ್ಲ.

ಆಸ್ಪತ್ರೆಯ ಬಾಗಿಲಲ್ಲಿ ನರ್ಸ್ ಅಕ್ಕನನ್ನು ತೋರಿಸಿ, "ಪೇಷಂಟ್ ಇವ್ರಾ?" ಎಂದು ಕೇಳಿದರು. ಅಕ್ಕ ಮಗುವನ್ನು ಮುಂದೆ ಚಾಚಿದಳು. ಆಮೇಲೆ ಎಲ್ಲ ಬೇಗ ಬೇಗ ನಡೆಯಿತು. ಪರದೆಯ ಹಿಂದಿನಿಂದ ಡಾಕ್ಟರ ದನಿ ಕೇಳಿತು: "ದಡಾರ, ನ್ಯುಮೋನಿಯಾಗೆ ತಿರುಗಿದೆ. ಆಕ್ಸಿಜನ್ ಹಾಕಿ. ಯಾಕ್ರೀ ಇಷ್ಟು ತಡ ಮಾಡಿದ್ರಿ?" ಮಗುವಿನ ತಾಯಿ ಅದಕ್ಕೆ ಏನು ಉತ್ತರ ಕೊಟ್ಟಳೋ ಕೇಳಿಸಲಿಲ್ಲ.

ಮಗು ಬದುಕಿತು. ಅದನ್ನು ಇಲ್ಲಿಯೇ ಹೇಳಿಬಿಡುತ್ತೇನೆ. ಆದರೆ ಅವತ್ತು ಸಂಜೆ ಕಾರಿಡಾರಿನಲ್ಲಿ ಕೂತಿದ್ದ ನಮಗೆ ಅದು ಗೊತ್ತಿರಲಿಲ್ಲ. ಅಕ್ಕ ಗೋಡೆಗೊರಗಿ ನೆಲದ ಮೇಲೆ ಕೂತಿದ್ದಳು. ಅವಳ ಸುತ್ತ ಅರಿಶಿನದ ಚಕ್ಕೆಗಳು ಉದುರಿದ್ದವು. ಬಲಭುಜದ ಮೇಲೆ ಆ ಸೇವಂತಿಗೆ ಇನ್ನೂ ಅಂಟಿಕೊಂಡೇ ಇತ್ತು.

ಹಿಂದೆಯೇ ಇನ್ನೊಂದು ಆಟೋದಲ್ಲಿ ಬಂದಿದ್ದ ಅತ್ತೆ ಎದುರಿಗೆ ನಿಂತಳು. ಏಕವಚನವೋ ಬಹುವಚನವೋ ತೋಚದೆ ಸ್ವಲ್ಪ ತಡವರಿಸಿದಳು. ಆಮೇಲೆ ಕೇಳಿದಳು: "ಹೂವು ಎಡಕ್ಕೆ ಕೊಟ್ಟೆ. ಆಮೇಲೆ ನೀನೇ ಎತ್ಕೊಂಡ್ ಓಡ್ದೆ. ಯಾವ್ದವ್ವ ನಿಜ?"

ನಾನು ಕೇಳಿರುವ ಪ್ರಶ್ನೆಗಳಲ್ಲೆಲ್ಲ ಸರಿಯಾದ ಪ್ರಶ್ನೆ ಅದು. ಬೆಳಗಿನಿಂದ ತುಟಿ ಬಿಚ್ಚದ ಅಕ್ಕ ಒಡೆದ ಗಂಟಲಿನಲ್ಲಿ ಹೇಳಿದಳು: "ಓಡಿದ್ದು."

"ಹಂಗಾದ್ರೆ ಹೂವು?"

"ಬೀಳಿಸಕ್ ಆಗ್ಲಿಲ್ಲಮ್ಮ ನಂಗೆ. ಬಲಗಡೇದೇ ಬೀಳಿಸ್ಬೇಕು ಅಂತಿದ್ದೆ. ಬರ್ಲಿಲ್ಲ." ಅಷ್ಟು ಹೇಳಿ ಅಳುವುದಕ್ಕೆ ಶುರುಮಾಡಿದಳು. ಕಣ್ಣೀರು ಇಳಿದಲ್ಲೆಲ್ಲ ಕಪ್ಪು.

ಅತ್ತೆ ಬಗ್ಗಿ, ಸೆರಗಿನ ತುದಿಯಿಂದ ಅವಳ ಕೆನ್ನೆ ಒರೆಸಿದಳು. ಒರೆಸಿದ ಸೆರಗನ್ನು ಮೂಗಿನ ಹತ್ತಿರ ಹಿಡಿದಳು. "ಊದುಬತ್ತಿ ಹಿಟ್ಟಲ್ವಾ ಇದು? ಕೈಗೆ ಹತ್ತಿದ್ರೆ ತಿಂಗಳಾದ್ರೂ ಹೋಗಕಿಲ್ಲ. ಇದನ್ಯಾಕ್ ಮೈಗ್ ಬಳ್ಕಂಡೆ, ಹುಚ್ಚಿ?"

ಅವತ್ತು ಆ ಕಪ್ಪು ಏನೆಂದು ಗುರುತಿಸಿದವಳು ಅವಳೊಬ್ಬಳೇ. ಅಕ್ಕನಿಗೆ ಅದರಿಂದ ಸಮಾಧಾನವಾಯಿತೆಂದು ಬರೆಯುವ ಆಸೆ ನನಗಿದೆ. ಆಗಲಿಲ್ಲ. ಅವಳು ಮಗುವನ್ನು ಮಲಗಿಸಿದ್ದ ವಾರ್ಡಿನ ಬಾಗಿಲಿನ ಕಡೆಯೇ ನೋಡುತ್ತಿದ್ದಳು.

ಅದಾದ ಮೇಲೆ ಅಕ್ಕ ಲೇತ್ ಶೆಡ್ಡಿಗೆ ಹೋಗಲಿಲ್ಲ. ಶಾಲೆಗೆ ಹೋಗಿ ಬಂದು ಟೆರೇಸಿನಲ್ಲಿ ಕೂರುತ್ತಿದ್ದಳು. ನಾನು ಜಗಳ ತೆಗೆದರೂ ಜಗಳಕ್ಕೆ ಬರುತ್ತಿರಲಿಲ್ಲ. ತಾಯಿಗೆ ಎಲ್ಲ ಹೇಳಿದ್ದೆವು. ತಾಯಿ ತನ್ನ ಅಂಗೈಗಳನ್ನು ತಿರುಗಿಸಿ ಒಂದು ಸಲ ನೋಡಿಕೊಂಡು, "ನನ್ನ ಕೇಳಿದ್ರೆ ಆಗ್ತಿರ್ಲಿಲ್ವೇನೇ?" ಎಂದಷ್ಟೇ ಅಂದು ಅಡುಗೆಮನೆಗೆ ಹೋದಳು.

ಮುಂದಿನ ಶುಕ್ರವಾರ ನಾನು ಸುಂಕದಕಟ್ಟೆಯ ಮೇಲೆ ಬಸ್ಸಿನಲ್ಲಿ ಬರುತ್ತಿದ್ದೆ. ನೋಡಬಾರದೆಂದುಕೊಂಡರೂ ಇಳಿದು ಆ ತಿರುವಿಗೆ ಹೋದೆ. ಕಟ್ಟೆಗೆ ಸುಣ್ಣ ಹೊಡೆದಿದ್ದರು. ಅಕ್ಕ ನಿಂತಿದ್ದ ಜಾಗದಲ್ಲಿ ದೀಪವಿತ್ತು. ಹೂವಿನವಳ ಬುಟ್ಟಿ ಎರಡಾಗಿತ್ತು. ಬೀದಿಗೆಲ್ಲ ಕಥೆ ಗೊತ್ತಾಗಿತ್ತು, ನಾವು ನೋಡಿದ ಕಥೆಯಲ್ಲ. ಅಮ್ಮ ಎಡಕ್ಕೆ ಹೂ ಕೊಟ್ಟು ಪರೀಕ್ಷೆ ಮಾಡಿದಳಂತೆ, ತಾಯಿಯ ಭಕ್ತಿ ನೋಡಿ ಮನಸ್ಸು ಕರಗಿ ತಾನೇ ಎತ್ತಿಕೊಂಡು ಓಡಿದಳಂತೆ. ಮಗು ಉಳಿದದ್ದು ಆಕ್ಸಿಜನ್ನಿನಿಂದ ಎಂದು ಒಬ್ಬರೂ ಹೇಳುತ್ತಿರಲಿಲ್ಲ.

ಕಟ್ಟೆಯ ಕೆಳಗೆ ಬೇರೊಬ್ಬ ಹೆಂಗಸು ಕೂತಿದ್ದಳು. ಮಡಿಲಲ್ಲಿ ಹಸುಗೂಸು, ಮೈಮೇಲೆ ಅದೇ ಗಂದೆ.

"ಆಸ್ಪತ್ರೆ ಹತ್ರಾನೇ ಇದೆ, ಬನ್ನಿ, ನಾನ್ ಕರ್ಕೊಂಡ್ ಹೋಗ್ತೀನಿ" ಎಂದೆ.

"ಹಳದಿ ಅಮ್ಮ ಬರ್ಬೇಕು. ಹೂ ಕೇಳ್ದೆ ಎಂಗೋಗದು?" ಎಂದಳು ಅವಳು. "ಬೆಳಗ್ಗಿಂದ ಕಾಯ್ತಿದೀನಿ."

ಹೋದ ವಾರ ಒಂದು ಮಗುವನ್ನು ಆಸ್ಪತ್ರೆಗೆ ಮುಟ್ಟಿಸಿದ ಅದೇ ಓಟ ಈ ವಾರ ಇನ್ನೊಂದು ಮಗುವನ್ನು ಕಟ್ಟೆಗೆ ಕಟ್ಟಿಹಾಕಿತ್ತು.

ಮನೆಗೆ ಬಂದು ಅಕ್ಕನಿಗೆ ಹೇಳಿದೆ. ಹೇಳದೆ ಇರಬಹುದಿತ್ತು. ಅವಳು ಒಂದೇ ಪ್ರಶ್ನೆ ಕೇಳಿದಳು: "ಉಸಿರಾಟ ಹೆಂಗಿತ್ತು?"

"ಪಕ್ಕೆ ಎಳೀತಿರ್ಲಿಲ್ಲ. ಇನ್ನೂ."

ಎದ್ದು ಅಡುಗೆಮನೆಗೆ ಹೋಗಿ ಅರಿಶಿನದ ಡಬ್ಬಿ ತಂದು ಬಚ್ಚಲಲ್ಲಿ ಕಲಸತೊಡಗಿದಳು. ಊದುಬತ್ತಿಯ ಹಿಟ್ಟಿನ ಕವರು ಕಿಟಕಿಯ ಮೇಲೇ ಇತ್ತು. ಅದನ್ನು ಮುಟ್ಟಲಿಲ್ಲ. ಬರಿಯ ಅರಿಶಿನ.

ಬಾಗಿಲಿಗೆ ಅಡ್ಡ ನಿಂತೆ. "ಇದು ಮೋಸ."

"ಹೂಂ."

"ಇವತ್ತು ಹೋದ್ರೆ ಮುಂದಿನ ವಾರಾನೂ ಹೋಗ್ಬೇಕು. ಬಿಡೋ ಹಾಗಿಲ್ಲ."

"ಹೂಂ."

"ಅಕ್ಕ, ಇನ್ಮೇಲೆ ನೀನು ಏನ್ ಮಾಡಿದ್ರೂ ಜನಕ್ಕೆ ದೇವ್ರೇ. ಆ ಕೈಗಳ ವಿಷ್ಯ, ನಿನ್ನ ಕೆಲ್ಸ, ಎಲ್ಲಾ ಇಲ್ಲಿಗೆ ಮುಗೀತು. ಯೋಚ್ನೆ ಮಾಡು."

ಕುತ್ತಿಗೆಗೆ ಅರಿಶಿನ ಬಳಿಯುತ್ತಿದ್ದವಳು ಕೈ ನಿಲ್ಲಿಸಲಿಲ್ಲ. "ನೀನ್ ಗೆದ್ದೆ. ಈಗ ಆಟೋ ಕರಿ."

ಓನರ್ ಆಂಟಿ ಗೇಟಿನಲ್ಲಿ ಬಾಯಿ ತೆರೆದು ನಿಂತರು. ಆಟೋದಲ್ಲಿ ಅಕ್ಕ ನನ್ನ ಕೈಗೆ ಒಂದು ಸೇವಂತಿಗೆ ಕೊಟ್ಟಳು. ದೇವರಮನೆಯಿಂದ ತಾಯಿ ಕೊಟ್ಟದ್ದಂತೆ. ನೀರಿನ ಬಾಟಲಿಯ ಮುಚ್ಚಳದಲ್ಲಿ ಅದ್ದಿ ಅವಳ ಬಲಭುಜಕ್ಕೆ ಒತ್ತಿದೆ. ಅವಳು ಕಣ್ಣು ಮುಚ್ಚಿದಳು. ಚರ್ಮ ಜುಮ್ಮೆಂದಿತು, ಇನ್ನೊಮ್ಮೆ ಜುಮ್ಮೆಂದಿತು. ಆಟೋ ಹಳ್ಳಕ್ಕಿಳಿದು ಹತ್ತಿತು. ಹೂ ಕದಲಲಿಲ್ಲ.

"ತೆಗೆದು ಮತ್ತೆ ಇಡು" ಎಂದಳು.

ತೆಗೆದೆ. ಮತ್ತೆ ಇಟ್ಟೆ.